ಗೆರೆಯಿಲ್ಲದ ಹೆಬ್ಬೆಟ್ಟು

ತಮ್ಮನನ್ನು ಜೈಲಿಗೆ ಕಳಿಸಿದ ಮೇಲೆ ಅಕ್ಕನಿಗೆ ಮೂರೂವರೆ ಗಂಟೆಯ ಭಯ ಶುರುವಾಯಿತು.

ಮಧ್ಯಾಹ್ನದ ಮೂರೂವರೆ. ದೆವ್ವಕ್ಕಾದರೂ ಒಂದು ಹೊತ್ತುಗೊತ್ತು ಬೇಡವೇ? ಎದುರು ಮನೆಯವರು ಬಟ್ಟೆ ಒಣಹಾಕುತ್ತಿರುವಾಗ, ಬೀದಿಯಲ್ಲಿ ಸೈಕಲ್ ಗಂಟೆ ಕೇಳುತ್ತಿರುವಾಗ ಯಾರೂ ಹೆದರುವುದಿಲ್ಲ. ಅಕ್ಕ ಹೆದರುತ್ತಿದ್ದದ್ದು ಆಗಲೇ. ಅವಳು ಶಾಲೆಯ ಕಚೇರಿಯಲ್ಲಿ ಗುಮಾಸ್ತೆ; ಮೂರಕ್ಕೆಲ್ಲ ಮನೆಗೆ ಬರುತ್ತಿದ್ದಳು. ಮೆಟ್ಟಿಲು ಹತ್ತಿ, ಮುಖ ತೊಳೆದು, ಒಲೆಯ ಮೇಲೆ ಹಾಲಿಟ್ಟು ನಿಂತರೆ ಬಲಗೈಯ ಮೇಲೆ ಯಾರೋ ಕೈಯಿಟ್ಟಷ್ಟು ಭಾರ. ಹಿಡಿದೆಳೆಯುವ ಭಾರವಲ್ಲ, ಮೇಲಿನಿಂದ ಒತ್ತುವ ಭಾರ. ಆಮೇಲೆ ಕೆಳಗಿನಿಂದ ಸದ್ದು. ಕೆಳಗಿದ್ದದ್ದು ತಮ್ಮನ ಬೈಂಡಿಂಗ್ ಅಂಗಡಿ. ಅವನನ್ನು ಕರೆದೊಯ್ದ ದಿನವೇ ಅದಕ್ಕೆ ಬೀಗ ಬಿದ್ದಿತ್ತು. ಆದರೂ ಹಾಳೆ ಮಡಿಸಿ, ಮಡಿಕೆಯ ಮೇಲೆ ಮೂಳೆಯ ಪಟ್ಟಿ ಎಳೆಯುವ ಸರ್ರೆಂಬ ಸದ್ದು. ಒಂದು. ಸ್ವಲ್ಪ ತಡೆದು ಇನ್ನೊಂದು.

ಆ ಸದ್ದು ಯಾರದೆಂದು ಅಕ್ಕನಿಗೆ ಹೇಳಿಕೊಡಬೇಕಾಗಿರಲಿಲ್ಲ. ಅಮ್ಮ ತೀರಿಕೊಂಡು ವರ್ಷ ಕಳೆದಿತ್ತು, ಅಷ್ಟೇ.

ಅಮ್ಮ ಬೈಂಡಿಂಗ್ ಮಣೆಯ ಮುಂದೆ ಕೂತದ್ದು ಮದುವೆಯಾದ ಎರಡನೇ ವಾರ, ಎದ್ದದ್ದು ಕಾಲು ಸೋತ ಮೇಲೆ. ನಡುವೆ ನಲವತ್ತು ವರ್ಷ. ಈ ಮನೆಯ ಕೆಳಗಿನ ಅಂಗಡಿ, ಮೇಲಿನ ಎರಡು ಕೋಣೆ, ಎಲ್ಲ ಅವಳ ದುಡಿಮೆಯದೇ, ಅವಳ ಹೆಸರಿನದೇ. ರಾಶಿ ರಾಶಿ ಪುಸ್ತಕ ಹೊಲಿದಳು, ಒಂದನ್ನೂ ಓದಲಿಲ್ಲ, ಓದಲು ಬರುತ್ತಿರಲಿಲ್ಲ. "ನಾನು ಅಕ್ಷರಕ್ಕೆ ಅಂಗಿ ಹೊಲಿಯೋಳು, ಅದರ ಜೊತೆ ಮಾತುಕತೆ ನಂಗ್ಯಾಕೆ" ಎಂದು ನಗುತ್ತಿದ್ದಳು. ಮಡಿಕೆಯ ಮೇಲೆ ಹೆಬ್ಬೆರಳು ತಿಕ್ಕಿ ತಿಕ್ಕಿ ಅದರ ಗೆರೆಗಳೆಲ್ಲ ಸವೆದು ಹೋಗಿದ್ದವು. ಮುಟ್ಟಿದರೆ ನೀರಲ್ಲಿ ಉರುಳಿದ ಕಲ್ಲಿನಷ್ಟು ನುಣುಪು.

ಅಪ್ಪ ಸತ್ತು ಅವನ ಪಿಂಚಣಿ ಅಮ್ಮನಿಗೆ ಬಂದಾಗ ತೊಡಕಾದದ್ದು ಅದೇ. ವರ್ಷಕ್ಕೊಮ್ಮೆ ತಾನು ಬದುಕಿದ್ದೇನೆಂದು ಹೆಬ್ಬೆಟ್ಟು ಒತ್ತಿ ಕಳಿಸಬೇಕು. ಒತ್ತಿದರೆ ಬಂದದ್ದು ಬರೀ ಒಂದು ಕಪ್ಪು ಬೊಟ್ಟು, ಒಳಗೆ ಒಂದೇ ಒಂದು ಗೆರೆಯಿಲ್ಲ. ಕಚೇರಿಯವರು ಎರಡು ಸಲ ವಾಪಸ್ ಕಳಿಸಿದರು. ಗಟ್ಟಿಮುಟ್ಟಾಗಿ ಕೂತು ಊಟ ಮಾಡುತ್ತಿದ್ದ ಹೆಂಗಸು ತಾನು ಬದುಕಿದ್ದೇನೆಂದು ತೋರಿಸಲಾಗದೆ ಕಂಗಾಲಾದಳು. ಮೂರನೇ ಸಲ ಅವಳೇ ಉಪಾಯ ಹುಡುಕಿದಳು. ಮಗಳನ್ನು ಪಕ್ಕದಲ್ಲಿ ನಿಲ್ಲಿಸಿಕೊಂಡು, ಮಗಳ ಹೆಬ್ಬೆರಳಿಗೆ ಮಸಿ ಹಚ್ಚಿ, ಕಾಗದದ ಮೇಲಿಟ್ಟು, ಆ ಕೈಯ ಮೇಲೆ ತನ್ನ ಕೈಯಿಟ್ಟು ಒತ್ತಿದಳು.

"ಬೆರಳು ನಿಂದಾದ್ರೂ ಒತ್ತಿದ್ದು ನಾನಲ್ವಾ? ಇದರಲ್ಲಿ ಸುಳ್ಳೇನು ಬಂತು?" ಎಂದಳು.

ಸುಳ್ಳೇನೂ ಇಲ್ಲ ಎಂದು ಮಗಳಿಗೂ ಅನ್ನಿಸಿತು. ಮೂರೇ ವರ್ಷಕ್ಕೆ ಮುರಿದ ಮದುವೆಯಿಂದ ವಾಪಸ್ ಬಂದು ಅಮ್ಮನ ಜೊತೆ ಮೇಲಿನ ಮನೆಯಲ್ಲಿದ್ದ ಅವಳು ಹನ್ನೊಂದು ವರ್ಷ ಹಾಗೆಯೇ ಒತ್ತಿದಳು. ಪಿಂಚಣಿಯ ಕಾಗದ, ಆಸ್ಪತ್ರೆಯ ಕಾಗದ, ಗ್ಯಾಸಿನ ಕಾಗದ. ಅಮ್ಮ ಕೂತಿರುವಳು, ಇವಳು ನಿಂತಿರುವಳು. ಮೂರೂವರೆಗೆ, ಹಾಲು ಕಾಯಲಿಟ್ಟ ಹೊತ್ತಿಗೆ. ಅಡುಗೆಗೆ ಉಪ್ಪು ಹಾಕಿದ್ದನ್ನು ಯಾರಾದರೂ ನೆನಪಿಟ್ಟುಕೊಳ್ಳುತ್ತಾರೆಯೇ? ಅಷ್ಟೇ ಸಲೀಸಾಗಿತ್ತು ಅದು.

ತಮ್ಮನಿಗೆ ಗೋಂದು ಎಂದು ಹೆಸರಿಟ್ಟವಳೂ ಅಕ್ಕನೇ. ಚಿಕ್ಕಂದಿನಿಂದ ಅವನ ಅಂಗಿ, ಕೂದಲು, ಪಾಠದ ಪುಸ್ತಕ, ಎಲ್ಲಕ್ಕೂ ಗೋಂದು ಮೆತ್ತಿರುತ್ತಿತ್ತು. ಓದು ಹತ್ತಲಿಲ್ಲ. ಬೈಂಡಿಂಗೂ ಅಷ್ಟಕ್ಕಷ್ಟೇ; ಅವನು ಮಡಿಸಿದ ಹಾಳೆ ಎಂದೂ ನೆಟ್ಟಗಿರುತ್ತಿರಲಿಲ್ಲ, ಅಮ್ಮ ಮೂಳೆಪಟ್ಟಿಯಿಂದಲೇ ಅವನ ಗೆಣ್ಣಿಗೆ ಬಾರಿಸುತ್ತಿದ್ದಳು. ಆದರೂ ಅಂಗಡಿ ನಡೆಸುವ ಕೆಲಸ ಅವನ ಪಾಲಿಗೆ ಬಂತು. ಪಕ್ಕದ ಬೀದಿಯ ಬಾಡಿಗೆ ಮನೆಯಲ್ಲಿ ಹೆಂಡತಿಯೊಂದಿಗೆ ಇದ್ದುಕೊಂಡು ಬೆಳಗ್ಗೆ ಬಂದು ಬೀಗ ತೆಗೆಯುತ್ತಿದ್ದ. ಅಕ್ಕ ತಮ್ಮ ಚೆನ್ನಾಗಿಯೇ ಇದ್ದರು, ಕಾಗದವೊಂದು ನಡುವೆ ಬರುವವರೆಗೆ.

ಅಮ್ಮನ ವರ್ಷ ಕಳೆದ ಮೇಲೆ, ಮೇಲಿನ ಮನೆಯನ್ನು ತನ್ನ ಹೆಸರಿಗೆ ಮಾಡಿಕೊಳ್ಳೋಣವೆಂದು ಅಕ್ಕ ಮಾತೆತ್ತಿದಾಗ ಗೋಂದು ಒಳಗಿನಿಂದ ಒಂದು ಜೆರಾಕ್ಸ್ ತಂದು ಕೊಟ್ಟ. ಅಮ್ಮನ ಉಯಿಲು, ಸಾಯುವುದಕ್ಕೆ ಎರಡು ವರ್ಷ ಮುಂಚಿನದು. ಮನೆ, ಅಂಗಡಿ ಎಲ್ಲ ಮಗನಿಗೆ. ಮಗಳು ಬದುಕಿರುವವರೆಗೂ ಮೇಲಿನ ಮನೆಯಿಂದ ಅವಳನ್ನು ಏಳಿಸುವಂತಿಲ್ಲ. ಕೆಳಗೆ ಹೆಬ್ಬೆಟ್ಟು, ಇಬ್ಬರ ಸಾಕ್ಷಿ ಸಹಿ. ಸಾಕ್ಷಿಗಳಲ್ಲಿ ಒಬ್ಬ ಸತ್ತಿದ್ದ. ಇನ್ನೊಬ್ಬನಿಗೆ ಮರೆವು ಬಂದು ತನ್ನ ಮಗಳನ್ನೇ ಯಾರಮ್ಮ ನೀನು ಎಂದು ಕೇಳುತ್ತಿದ್ದ.

ಅಕ್ಕ ಅದನ್ನು ಎರಡು ಸಲ ಓದಿದಳು. ಕಾಲು ಸೋತ ಅಮ್ಮನ ಮೈ ತೊಳೆದವಳು, ಹಾಸಿಗೆ ಬದಲಿಸಿದವಳು, ಬಾಯಿಗೆ ತುತ್ತಿಟ್ಟವಳು ಅವಳು. ಈಗ ಅವಳದೇ ಮನೆಯಲ್ಲಿ ಅವಳಿಗೆ ಇರಲು ಅಪ್ಪಣೆ! ಕಣ್ಣು ಹೆಬ್ಬೆಟ್ಟಿನ ಮೇಲೆ ಬಿತ್ತು. ಗೆರೆಗಳು ಸ್ಪಷ್ಟವಾಗಿ ಸುತ್ತು ಸುತ್ತಾಗಿ ಮೂಡಿದ್ದವು. ಅಮ್ಮನ ಬೆರಳಲ್ಲಿ ಗೆರೆಯೇ ಇರಲಿಲ್ಲವಲ್ಲ. ಹಾಗಾದರೆ ಇದು ಅಮ್ಮನದಲ್ಲ. ಪಿಂಚಣಿಯ ಕಾಗದಗಳು ಆ ಹೊತ್ತಿಗೆ ಅವಳ ನೆನಪಿಗೂ ಬರಲಿಲ್ಲ. ಆಮೇಲೆ ಬಂದರೂ ಅದು ಬೇರೆ, ಇದು ಬೇರೆ ಎಂದುಕೊಂಡಳು. ಉಯಿಲೆಂಬ ಕಾಗದಕ್ಕೆ ತಾನು ಒತ್ತಿಲ್ಲವೆನ್ನುವುದು ಅವಳಿಗೆ ಹಗಲಿನಷ್ಟು ನಿಚ್ಚಳವಾಗಿತ್ತು.

ವಕೀಲ ಅನುಭವಸ್ಥ. ಆಸ್ತಿ ಜಗಳವೆಂದು ಹೋದರೆ ಇಪ್ಪತ್ತು ವರ್ಷ, ಗೆದ್ದವನು ಸೋತ, ಸೋತವನು ಸತ್ತ. ಅದರ ಬದಲು ಪೊಲೀಸ್ ದೂರು ಕೊಡಿ, ಸುಳ್ಳು ದಾಖಲೆ, ಮೋಸ, ನಾಲ್ಕೇ ದಿನಕ್ಕೆ ನಿಮ್ಮ ತಮ್ಮ ಕಾಲು ಹಿಡಿದುಕೊಂಡು ಬರುತ್ತಾನೆ ಎಂದ. ಠಾಣೆಯಲ್ಲಿ ದೂರು ಬರೆದುಕೊಳ್ಳುವವನು ಇನ್ನೂ ಅನುಭವಸ್ಥ. ಬರೀ ಕಾಗದದ ಜಗಳವಾದರೆ ಸಾಹೇಬರು ಕಣ್ಣೆತ್ತಿ ನೋಡುವುದಿಲ್ಲ, ಬೆದರಿಕೆ ಏನಾದರೂ ಹಾಕಿದ್ದನೇ ಎಂದು ಕೇಳಿದ. ಅಕ್ಕ ಯೋಚಿಸಿದಳು. ಜೆರಾಕ್ಸ್ ಕೊಡುವಾಗ ಗೋಂದಿನ ಕೈಯಲ್ಲಿ ರಟ್ಟು ಕತ್ತರಿಸುವ ಬ್ಲೇಡು ಇತ್ತು. ಯಾವಾಗಲೂ ಇರುತ್ತದೆ. "ಕೈಯಲ್ಲಿ ಬ್ಲೇಡಿತ್ತು" ಎಂದಳು. ಬರೆಯುವವನ ಪೆನ್ನು ಚುರುಕಾಯಿತು. ಓದಿ ಹೇಳಿದಾಗ ಆ ಬ್ಲೇಡು ಅವಳ ಕತ್ತಿನವರೆಗೂ ಬಂದಿತ್ತು. ಅವಳು ತಲೆಯಾಡಿಸಿ ಸಹಿ ಹಾಕಿದಳು.

ಗೋಂದು ಕಾಲು ಹಿಡಿಯಲು ಬರಲಿಲ್ಲ. ಬ್ಲೇಡಿನ ದೆಸೆಯಿಂದ ಜಾಮೀನೂ ಸಿಗಲಿಲ್ಲ. ಕರೆದುಕೊಂಡು ಹೋಗುವಾಗ ಅಂಗಿಯ ತೋಳಿಗೆ ಗೋಂದು ಹಾಗೆಯೇ ಮೆತ್ತಿತ್ತು. ಮೇಲಿನ ಕಿಟಕಿಯ ಕಡೆ ಒಮ್ಮೆ ನೋಡಿ ಜೀಪು ಹತ್ತಿದ. ಒಂದು ಮಾತು ಬೈದಿದ್ದರೆ ಅಕ್ಕನಿಗೆ ನಿದ್ದೆಯಾದರೂ ಬರುತ್ತಿತ್ತೇನೋ.

ಮೊದಲ ಗುರುತು ಕಂಡದ್ದು ನಾಲ್ಕನೇ ದಿನ, ಹಾಲಿನ ಪಾತ್ರೆಯ ಅಂಚಿನಲ್ಲಿ. ಹೆಬ್ಬೆರಳಿನಷ್ಟು ಅಗಲದ ಕಪ್ಪು ಬೊಟ್ಟು, ಒಳಗೆ ಗೆರೆಯಿಲ್ಲ. ಮಸಿಯಿರಬೇಕೆಂದು ತೊಳೆದಳು. ಮಾರನೆಯ ದಿನ ದೀಪದ ಸ್ವಿಚ್ಚಿನ ಮೇಲೆ ಇನ್ನೊಂದು. ಒಂದು ವಾರ ಕಳೆದ ಮೇಲೆ ಅವಳ ತಲೆದಿಂಬಿನ ಮೂಲೆಯಲ್ಲಿ. ಗೆರೆಯಿಲ್ಲದ ಕಪ್ಪು ಕಲೆ ಯಾವ ಮನೆಯಲ್ಲಿ ಇರುವುದಿಲ್ಲ ಹೇಳಿ. ಬೇರೆಯವರಾದರೆ ಸೋಪು ಹಚ್ಚಿ ಮರೆಯುತ್ತಿದ್ದರು. ಅಕ್ಕ ಮಾತ್ರ ಪ್ರತಿ ಗುರುತಿನ ಮೇಲೂ ತನ್ನ ಹೆಬ್ಬೆರಳಿಟ್ಟು ನೋಡುತ್ತಿದ್ದಳು. ಅದು ಅವಳ ಬೆರಳಿಗಿಂತ ಒಂದಿಷ್ಟು ಅಗಲವಾಗಿರುತ್ತಿತ್ತು.

"ಏನು ಬೇಕಮ್ಮ ನಿಂಗೆ?" ಎಂದು ಒಂದು ದಿನ ಖಾಲಿ ಅಡುಗೆಮನೆಯಲ್ಲಿ ಕೇಳಿಯೂಬಿಟ್ಟಳು. "ನಾನು ನಿನ್ನ ಪರವಾಗೇ ಹೋರಾಡ್ತಿರೋದು."

ಹಾಲು ಉಕ್ಕಿ ಒಲೆ ಆರಿತು. ಕೆಳಗೆ ಸದ್ದು ನಿಲ್ಲಲಿಲ್ಲ.

ಹದಿನೆಂಟನೇ ದಿನ ತಮ್ಮನ ಹೆಂಡತಿ ಮೆಟ್ಟಿಲು ಹತ್ತಿ ಬಂದಳು. ಜಗಳಕ್ಕೆ ಬಂದಳೆಂದು ಅಕ್ಕ ಸೆರಗು ಬಿಗಿದು ನಿಂತರೆ ಅವಳು ಬಾಗಿಲಲ್ಲೇ ನಿಂತು ಅಂಗಡಿಯ ಬೀಗದ ಕೈ ಕೊಟ್ಟಳು. ಒಳಗೆ ಕಲಸಿಟ್ಟ ಗೋಂದು ಕೊಳೆತು ನಾರುತ್ತಿರಬಹುದು, ಚೆಲ್ಲಿಬಿಡಿ ಎಂದು ಅವನೇ ಹೇಳಿ ಕಳಿಸಿದ್ದನಂತೆ. ಜೈಲಿನಲ್ಲಿ ಹಳೇ ಪೇಪರ್ ಇಸಿದುಕೊಂಡು ದಿನವೆಲ್ಲ ಮಡಿಸುತ್ತಾ ಕೂತಿರುತ್ತಾನಂತೆ.

"ಈಗ್ಲೂ ಸೊಟ್ಟಗೇ ಮಡಿಸ್ತಾರೆ ಅಕ್ಕ," ಎಂದಳು, ನಗಲು ಹೋಗಿ ಅತ್ತಳು.

ಅಕ್ಕ ಬೀಗದ ಕೈ ತೆಗೆದುಕೊಂಡಳು. ಕೆಳಗಿಳಿದು ಬಾಗಿಲು ತೆಗೆಯುವ ಧೈರ್ಯ ಬರಲಿಲ್ಲ. ಒಳಗೆ ಯಾರೂ ಇಲ್ಲದಿದ್ದರೂ ಕಷ್ಟ, ಇದ್ದರೂ ಕಷ್ಟ.

ಮಾರನೆಯ ದಿನ ಬೆರಳಚ್ಚು ಪರೀಕ್ಷೆಯ ಕಚೇರಿಯಿಂದ ಕರೆ ಬಂತು. ದೂರು ಕೊಟ್ಟವರು ಬಂದು ಕಾಗದಗಳನ್ನು ಗುರುತಿಸಬೇಕು, ಹೇಳಿಕೆಗೆ ಸಹಿ ಹಾಕಬೇಕು. ವಕೀಲ ಬೇರೆ ಮೊಕದ್ದಮೆಯಲ್ಲಿದ್ದ. ಅಕ್ಕ ಒಬ್ಬಳೇ ಹೋದಳು. ಉದ್ದನೆಯ ಮೇಜು, ಮೇಲೆ ಬಗ್ಗಿದ ದೀಪ, ದೊಡ್ಡ ಭೂತಗನ್ನಡಿ. ಪರೀಕ್ಷಕ ನಿವೃತ್ತಿಗೆ ಹತ್ತಿರವಾದ, ಸಣ್ಣ ದನಿಯ ಮನುಷ್ಯ. ಅವಳನ್ನು ನೋಡಿದ ಕೂಡಲೇ ಅವನ ಮುಖದಲ್ಲಿ ಕನಿಕರ ಕಂಡಿತು.

ಅವನು ಮೊದಲು ಉಯಿಲಿನ ಹೆಬ್ಬೆಟ್ಟು ತೋರಿಸಿದ. ಆಮೇಲೆ ಕಡತದಿಂದ ಹನ್ನೊಂದು ಕಾಗದ ತೆಗೆದು ಸಾಲಾಗಿ ಇಟ್ಟ. ಪಿಂಚಣಿ ಕಚೇರಿಯಿಂದ ತಂದವು. ತಮ್ಮನ ವಕೀಲ ತರಿಸಿದ್ದ. ಅಮ್ಮನ ಬೆರಳಲ್ಲಿ ಗೆರೆಯೇ ಇರಲಿಲ್ಲವೆಂದು ದೂರಿನಲ್ಲಿ ಬರೆಸಿದ್ದೀರಿ, ಆದರೆ ಇಲ್ಲಿ ನೋಡಿ, ಹನ್ನೊಂದು ವರ್ಷದ ಗೆರೆಗಳು, ಎಲ್ಲವೂ ಅಚ್ಚುಕಟ್ಟು ಎಂದ.

"ಈ ಹನ್ನೊಂದೂ ಆ ಉಯಿಲೂ ಒಂದೇ ಬೆರಳಮ್ಮ. ಅನುಮಾನವೇ ಇಲ್ಲ."

ಆ ಹನ್ನೊಂದು ಯಾರ ಬೆರಳೆಂದು ಭೂಮಿಯ ಮೇಲೆ ಅಕ್ಕನಷ್ಟು ಚೆನ್ನಾಗಿ ಬಲ್ಲವರು ಯಾರು? ಹಾಗಾದರೆ ಹನ್ನೆರಡನೆಯದೂ. ಅವಳಿಗೆ ಕೂಡಲೇ ಅರ್ಥವಾಗಲಿಲ್ಲ. ಅರ್ಥವಾದ ಮೇಲೆ ಉಯಿಲನ್ನು ಎಳೆದುಕೊಂಡು ನೋಡಿದಳು. ಜೆರಾಕ್ಸಿನಲ್ಲಿ ಕಾಣದ್ದು ಅಸಲಿನಲ್ಲಿ ಇತ್ತು: ಮಡಿಕೆಗಳು. ಬರಹವೆಲ್ಲ ಒಳಕ್ಕೆ ಹೋಗಿ, ತಳದ ಖಾಲಿ ಅಂಚು ನಾಲ್ಕು ಬೆರಳಗಲ ಮಾತ್ರ ಹೊರಗೆ ಉಳಿಯುವಂತೆ, ಮೂರು ಮಡಿಕೆ. ಕೂದಲೆಳೆಯಷ್ಟೂ ಆಚೀಚೆಯಿಲ್ಲ. ಮೂಲೆಯಲ್ಲಿ ಉಗುರಿನಷ್ಟು ಕಾಗದ ಹಿಂದಕ್ಕೆ ತಿರುಗಿತ್ತು. ಬಿಡಿಸುವವರಿಗೆ ಸುಲಭವಾಗಲೆಂದು ಅಮ್ಮ ಪ್ರತಿಯೊಂದು ಹಾಳೆಗೂ ಹಾಗೆ ಮಾಡುತ್ತಿದ್ದಳು. ಗೋಂದು ಏಳು ಜನ್ಮ ಎತ್ತಿದರೂ ಆ ಮಡಿಕೆ ಅವನಿಂದ ಆಗುವಂಥದ್ದಲ್ಲ.

ಮೂರು ವರ್ಷದ ಹಿಂದಿನ ಆ ಮಧ್ಯಾಹ್ನವೂ ನೆನಪಾಯಿತು. ಮೂರು ಕಾಗದ ಇದ್ದವು. ಅಮ್ಮ ಒಂದಾದ ಮೇಲೊಂದು ಮಡಿಸಿದ್ದನ್ನೇ ಮುಂದಿಟ್ಟಿದ್ದಳು. ಬೇಗ ಮುಗಿಸಮ್ಮ, ಹಾಲು ಉಕ್ಕುತ್ತೆ ಎಂದು ಇವಳೇ ಅವಸರ ಮಾಡಿದ್ದಳು. ಮೂರನೆಯದಕ್ಕೆ ಅಮ್ಮ ಒತ್ತಿದ ಕೈ ತೆಗೆಯಲೇ ಇಲ್ಲ, ತುಂಬ ಹೊತ್ತು ಹಾಗೆಯೇ ಇಟ್ಟಿದ್ದಳು. ಆಮೇಲೆ ಎಂದೂ ಇಲ್ಲದವಳು ತಾನೇ ಬಟ್ಟೆ ತೆಗೆದು ಮಗಳ ಬೆರಳಿನ ಮಸಿ ಒರೆಸಿದ್ದಳು. "ನಿಂಗೆ ಓದು ಬರುತ್ತೆ, ಹೇಗೋ ಬದುಕ್ತೀಯ. ಅವನಿಗೆ ಈ ನಾಲ್ಕು ಗೋಡೆ ಬಿಟ್ರೆ ಏನೂ ಗೊತ್ತಿಲ್ಲ" ಎಂದಿದ್ದಳು. ಯಾಕೆ ಈ ಮಾತು ಎಂದು ಇವಳು ಕೇಳಿರಲಿಲ್ಲ.

ಓದು ಬರುವವಳಿಗೆ ಓದಲು ಕೊಡಲಿಲ್ಲ ಅಮ್ಮ. ಅಕ್ಕನಿಗೆ ಅಳು ಬರಲಿಲ್ಲ, ಸಿಟ್ಟು ಬಂತು. ಸತ್ತವಳ ಮೇಲೆ ಇಷ್ಟು ಸಿಟ್ಟು ಬರಬಹುದೆಂದು ಅವಳಿಗೆ ಗೊತ್ತಿರಲಿಲ್ಲ. ಕೇಳಿದ್ದರೆ ಬೇಡ ಅನ್ನುತ್ತಿದ್ದೆ ಎಂದು ಹೆದರಿದೆಯಾ, ಅದಕ್ಕೇ ನನ್ನ ಕೈಯಿಂದಲೇ ನನ್ನನ್ನು ಹೊರಗೆ ಹಾಕಿಸಿದೆಯಾ ಎಂದು ಕೂಗಬೇಕೆನ್ನಿಸಿತು.

ಪರೀಕ್ಷಕ ಮೆಲ್ಲಗೆ ಮುಂದಿನದನ್ನು ವಿವರಿಸುತ್ತಿದ್ದ. ಈ ಹನ್ನೆರಡೂ ತಾಯಿಯವೇ ಎಂದು ಒಪ್ಪಿ ಸಹಿ ಹಾಕಿದರೆ ಉಯಿಲು ನಿಜವೆಂದು ವರದಿ ಹೋಗುತ್ತದೆ, ತಮ್ಮ ಸೋಮವಾರ ಮನೆಗೆ ಬರುತ್ತಾನೆ. ಸುಳ್ಳು ದೂರು ಕೊಟ್ಟದ್ದಕ್ಕೆ ನಿಮ್ಮನ್ನು ನಾಲ್ಕು ಮಾತು ಕೇಳಬಹುದು, ತಪ್ಪು ತಿಳಿದೆ ಅನ್ನಿ. ಒಪ್ಪದಿದ್ದರೆ ಯಾಕೆ ಒಪ್ಪುವುದಿಲ್ಲವೆಂದು ಹೇಳಬೇಕು. ಇದು ಬೇರೆಯವರ ಬೆರಳೆಂದು ತೋರಿಸಿದರೆ ಉಯಿಲು ಬಿದ್ದುಹೋಗುತ್ತದೆ, ಆ ಉಯಿಲನ್ನು ಮುಂದಿಟ್ಟ ತಮ್ಮ ಒಳಗೇ ಇರುತ್ತಾನೆ.

ತೋರಿಸುವುದೇನು ದೊಡ್ಡ ಕೆಲಸ? ಮಸಿಯ ಡಬ್ಬಿ ಮೇಜಿನ ಮೇಲೆ ಮುಚ್ಚಳ ತೆಗೆದೇ ಇತ್ತು, ಗೇಣು ದೂರ. ಹೆಬ್ಬೆರಳು ಅದ್ದಿ ಬಿಳಿ ಕಾಗದದ ಮೇಲೆ ಒಮ್ಮೆ ಇಟ್ಟರೆ ಸಾಕು, ಈ ಮನುಷ್ಯನಿಗೆ ಭೂತಗನ್ನಡಿಯೂ ಬೇಡ. ಅರ್ಧ ಮನೆ ಅವಳದು. ಅವಳಿಗೂ ಕಷ್ಟ ತಪ್ಪುತ್ತಿರಲಿಲ್ಲ, ಪಿಂಚಣಿಯವರು ಬಿಡುತ್ತಿರಲಿಲ್ಲ; ಆದರೆ ಅಮ್ಮನೇ ಒತ್ತಿಸಿದಳು ಎಂದು ಅಳುವ ಹೆಂಗಸಿಗೆ ಲೋಕ ಅಷ್ಟಾಗಿ ಕಲ್ಲು ಹೊಡೆಯುವುದಿಲ್ಲ. ಜೈಲಿನಲ್ಲಿ ಕೊಳೆಯುವವನು ಗೋಂದು. ಅಕ್ಕನ ಬಲಗೈ ಮೇಜಿನ ಮೇಲೆ ಮಸಿಯ ಕಡೆಗೆ ಅರ್ಧ ದಾರಿ ಹೋಗಿತ್ತು. ಗೋಡೆಯ ಗಡಿಯಾರದಲ್ಲಿ ಹನ್ನೊಂದೂ ಕಾಲು. ಆದರೂ ಭಾರ ಬಂತು.

ಕೈಯ ಮೇಲೆ ಕೈ. ಒತ್ತಲಿಲ್ಲ, ಸುಮ್ಮನೆ ಕೂತಿತು. ಎತ್ತ ಹೋದರೂ ಜೊತೆಗೆ ಬರುತ್ತೇನೆ ಎನ್ನುವ ಹಾಗೆ.

"ಅಮ್ಮಂದೇ," ಎಂದಳು ಅಕ್ಕ. "ಹನ್ನೆರಡೂ ಅಮ್ಮಂದೇ. ನಂಗೇ ಮರೆತುಹೋಗಿತ್ತು. ಬ್ಲೇಡಿನ ಮಾತೂ ನಿಜವಲ್ಲ, ಅದನ್ನೂ ಬರ್ಕೊಳ್ಳಿ."

ಪರೀಕ್ಷಕ ಬರೆದುಕೊಂಡು ಕಾಗದ ತಳ್ಳಿದ. ಅವಳು ಎಡಗೈಯ ಬೆರಳಿನಿಂದ ಮಸಿಯ ಡಬ್ಬಿಯನ್ನು ಮುಟ್ಟಿ, ಇದೂ ಬೇಕಾ ಎಂದು ಕೇಳಿದಳು. ಕೇಳಿದ ದನಿ ಅವಳಿಗೇ ಬೇರೆಯವರದೆನ್ನಿಸಿತು. ಅವನು ನಕ್ಕು ಡಬ್ಬಿಯ ಮುಚ್ಚಳ ಹಾಕಿದ.

"ಓದು ಬರೋರಿಗೆ ಹೆಬ್ಬೆಟ್ಟು ಯಾಕಮ್ಮ? ಸಹಿ ಸಾಕು."

ಸೋಮವಾರ ಗೋಂದು ಬಂದ. ಅಕ್ಕ ಮೆಟ್ಟಿಲ ಮೇಲೆ ನಿಂತು ನೋಡಿದಳು. ಒಂದು ಸುತ್ತು ಇಳಿದುಹೋಗಿದ್ದ. ಅಂಗಡಿಯ ಬೀಗದ ಕೈಗಾಗಿ ಕೈ ಚಾಚಿದ, ಅವಳು ಕೊಟ್ಟಳು. ಕ್ಷಮಿಸು ಅನ್ನುವ ಮಾತನ್ನು ಮೂರು ದಿನದಿಂದ ಬಾಯಿಪಾಠ ಮಾಡಿಕೊಂಡಿದ್ದಳು, ಅದರ ಬದಲು ಕಲಸಿಟ್ಟ ಗೋಂದು ಚೆಲ್ಲಲಾಗಲಿಲ್ಲ ಎಂದಳು. ಅವನು ಬಾಗಿಲವರೆಗೆ ಹೋಗಿ ನಿಂತ. ಹಿಂತಿರುಗಿ ನೋಡದೆ ಮಾತಾಡಿದ.

"ಪಿಂಚಣಿ ಕಾಗದ ತರಿಸ್ಬೇಡಿ ಅಂತ ವಕೀಲರಿಗೆ ಹೇಳಿದ್ದೆ ಅಕ್ಕ. ಕೇಳ್ಲಿಲ್ಲ."

"ಯಾಕೆ ಬೇಡ ಅಂದೆ?"

"ಅಮ್ಮನ ಬೆರಳಲ್ಲಿ ಗೆರೆ ಇರ್ಲಿಲ್ಲ ಅಂತ ನಂಗೂ ಗೊತ್ತಲ್ಲ. ಬೇಗ ಒತ್ತಿ ಮುಗಿಸಮ್ಮ, ಹಾಲು ಉಕ್ಕುತ್ತೆ ಅಂತ ನೀನು ಕೂಗೋದು ಕೆಳಗೆ ಕೇಳಿಸ್ತಿತ್ತು."

ಅಷ್ಟು ಹೇಳಿ ಬೀಗ ತೆಗೆದು ಒಳಗೆ ಹೋದ. ಇಪ್ಪತ್ತಕ್ಕೂ ಹೆಚ್ಚು ದಿನ ಜೈಲಿನಲ್ಲಿ ಕೂತು ಅವನು ಬಾಯಿ ಬಿಟ್ಟಿರಲಿಲ್ಲ. ಅಕ್ಕನನ್ನು ಉಳಿಸಲೆಂದೋ, ಮನೆಯನ್ನು ಉಳಿಸಲೆಂದೋ? ಅವಳು ಮೆಟ್ಟಿಲ ಮೇಲೆ ಕೂತು ತುಂಬ ಹೊತ್ತು ಯೋಚಿಸಿದಳು. ತಾನು ಸಹಿ ಹಾಕಿದ್ದು ತಮ್ಮನಿಗಾಗಿಯೋ, ಕೈಯ ಮೇಲಿನ ಭಾರಕ್ಕೆ ಹೆದರಿಯೋ, ಅದೇ ಅವಳಿಗೆ ಗೊತ್ತಿರಲಿಲ್ಲ. ಇನ್ನು ಅವನ ಮನಸ್ಸು ಹೇಗೆ ಗೊತ್ತಾಗಬೇಕು?

ಮೂರೂವರೆಗೆ ಒಲೆಯ ಮೇಲೆ ಹಾಲಿಟ್ಟಳು. ಕೆಳಗೆ ಹಾಳೆ ಮಡಿಸುವ ಸದ್ದು ಶುರುವಾಯಿತು, ತಡೆತಡೆದು, ಸೊಟ್ಟ ಸೊಟ್ಟಗೆ, ಅದು ಗೋಂದಿನದು. ಅದರ ಜೊತೆಜೊತೆಗೇ ಇನ್ನೊಂದು ಸದ್ದು, ನೇರ, ನಿಧಾನ. ಗೋಂದಿನ ಮೂಳೆಪಟ್ಟಿ ನಿಂತಿತು, ಇನ್ನೊಂದು ನಿಲ್ಲಲಿಲ್ಲ. ಅವನಿಗೂ ಕೇಳಿಸಿತೆಂದು ಅಕ್ಕನಿಗೆ ಗೊತ್ತಾಯಿತು. ಮೇಲೆ ಅವಳು, ಕೆಳಗೆ ಅವನು, ಇಬ್ಬರೂ ಕಿವಿಗೊಟ್ಟು ನಿಂತರು. ಹಾಲು ಉಕ್ಕಿತು. ಉಕ್ಕುತ್ತೆ ಎಂದು ಯಾರೂ ಕೂಗಲಿಲ್ಲ.